ಬಳ್ಳಿಗಾವಿಯ ಭೇರುಂಡ ಗಳೆ

ಜಡೆ ಮೊದಲಾದ ಊರುಗಳನ್ನೊಳಗೊಂಡ ಈಗಿನ ಸೊರಬ, ಶಿಕಾರಿಪುರ ತಾಲ್ಲೂಕುಗಳ ಸೀಮೆಯು ಪೂರ್ವದಲ್ಲಿ ಬನವಾಸಿ ಹನ್ನೆರಡು ಸಾಸಿರಕ್ಕೆ ಸೇರಿದ್ದಿತು. ಆ ನಾಡಿಗೆ ರಾಜಧಾನಿಯಾಗಿ ಮೆರೆದ ಬಳ್ಳಿಗಾವಿಯು ಇಂದು ಒಂದು ಸಣ್ಣ ಗ್ರಾಮವಾಗಿದೆ. ಅಲ್ಲಿ ಉಳಿದಿರುವ ಗಂಡಭೇರುಂಡ ಸ್ತಂಭವನ್ನು ನೋಡಿದವರು ಸಾಮಾನ್ಯವಾಗಿ ಅದನ್ನು ಅರಸನ ಕೀರ್ತಿಯ ಕುರುಹೆಂದು ಮಾತ್ರವೇ ಎಣಿಸುವರು. ಶಾಸನಗಳನ್ನು ಪರಿಶೀಲಿಸಿದರೆ ಈ ಎಣಿಕೆಯು ಸಾಲದೆಂದು ತೋರುತ್ತದೆ.

ಚಾಳುಕ್ಯ ಒಂದನೆಯ ಸೋಮೇಶ್ವರನ ಕಾಲದಲ್ಲಿ ಬನವಾಸಿ ನಾಡನ್ನಾಳುತ್ತಿದ್ದ ಮಹಾಮಂಡಳೇಶ್ವರ ಚಾವುಂಡರಾಯನು ಕ್ರಿ. ಶ. ೧೦೪೭ರಲ್ಲಿ ಜಗದೇಕಮಲ್ಲೇಶ್ವರನ ಮುಂದೆ ಈ ಸ್ತಂಭವನ್ನು ನಿಲ್ಲಿಸಿದನು. ಗಂಡಭೇರುಂಡನೆಂಬುದು ಅವನ ಬಿರುದು. ಸುಮಾರು ೩೦ ಅಡಿ ಎತ್ತರದ ಏಕಶಿಲೆಯ ಕಂಬವಿದು. ಇದೇ ಹೆಸರಿನ ‘ಭೇರುಂಡ ಗಳೆ’ಯಿಂದ ಮತ್ತರುಗಳನ್ನಳೆದು ದತ್ತಿಯಿತ್ತ ಸಂಗತಿಯು ಈ ಸೀಮೆಯ ಶಾಸನಗಳಲ್ಲಿ ಕಾಣುತ್ತದೆ. ಕಂಬದ ಉದ್ದವೇ ಗಳೆಯ ಪ್ರಮಾಣವೆಂಬ ಅಭಿಪ್ರಾಯವೂ ಉಂಟು.

ನಾಡುನಾಡಿಗೆ ಗಳೆಯು ಬೇರೆಯಾಗಿದ್ದ ಕಾಲದಲ್ಲಿ ಮತ್ತರೆಂದಷ್ಟೇ ಹೇಳಿದರೆ ಭೂಮಿಯ ವಿಸ್ತಾರವು ನಿಶ್ಚಯವಾಗದು. ಗಳೆಯ ಹೆಸರನ್ನೂ ಹೇಳಬೇಕು. ಕೊಡುವವನು, ಕೊಳ್ಳುವವನು, ಉಳುವವನು ಈ ಮೂವರೂ ಒಪ್ಪಿದ ಅಳತೆಯಿಲ್ಲದೆ ಧರ್ಮವು ನಿಲ್ಲಲಾರದು. ಇದೇ ಊರಿನ ಕೋಡಿಯ ಮಠದಲ್ಲಿ ವಿದ್ಯಾದಾನದೊಡನೆ ದೀನರಿಗೂ ಅನಾಥರಿಗೂ ಅನ್ನದಾನವು, ರೋಗಿಗಳಿಗೆ ಚಿಕಿತ್ಸೆಯು ನಡೆಯುತ್ತಿದ್ದವೆಂದು ೧೧೬೨ರ ಶಾಸನವು ತಿಳಿಸುತ್ತದೆ. ಇಂತಹ ಧರ್ಮಗಳಿಗೆ ಆಧಾರವು ದತ್ತಿಯ ಭೂಮಿ. ಗಳೆಯು ಗೇಣು ಕುಗ್ಗಿದರೆ ಅನಾಥನ ತುತ್ತೂ ಕುಗ್ಗುವುದು.

ಕಾಲಾಂತರದಲ್ಲಿ ಪಟ್ಟಣವು ಕ್ಷೀಣಿಸಿತು. ಗಳೆಯು ಬಳಕೆ ತಪ್ಪಿತು. ೧೮೬೩ರಲ್ಲಿ ಮೈಸೂರು ಸೀಮೆಯಲ್ಲಿ ಭೂಮಾಪನವು ಆರಂಭವಾದ ಮೇಲೆ ಸರಪಳಿಯೂ ಎಕರೆ ಗುಂಟೆಗಳೂ ನೆಲೆಗೊಂಡವು. ೧೯೦೨ರಲ್ಲಿ ರೈಸರು ಶಿವಮೊಗ್ಗ ಜಿಲ್ಲೆಯ ಶಾಸನಗಳ ಸಂಪುಟವನ್ನು ಪ್ರಕಟಿಸಿದಾಗ ಭೇರುಂಡ ಗಳೆಯು ರೈತನ ಬಾಯಿಂದ ವಿದ್ವಾಂಸನ ಪುಟಕ್ಕೆ ಬಂದಿದ್ದಿತು.

ಆದುದರಿಂದ ಶಾಸನಗಳನ್ನು ಪಾಠಮಾಡುವವರು ಗಳೆಯ ಹೆಸರನ್ನು ಶುಷ್ಕವಾದ ಲೆಕ್ಕವೆಂದು ಬಿಟ್ಟುಬಿಡಬಾರದು. ಭಿನ್ನ ಗಳೆಗಳ ಮತ್ತರುಗಳನ್ನು ಒಂದಾಗಿ ಕೂಡಿಸಿದರೆ ಚರಿತ್ರೆಯೇ ತಪ್ಪುವುದು. ಅದಕ್ಕಿಂತ ಮುಖ್ಯವಾಗಿ, ಒಬ್ಬರನ್ನೊಬ್ಬರು ಅರಿಯದ ಜನರು ಪರಸ್ಪರ ನಂಬಿ ಬಾಳಿದುದಕ್ಕೆ ಆ ಹೆಸರೇ ಸಾಕ್ಷಿ. ಕಂಬವು ಬಿರುದನ್ನು ಹೇಳುತ್ತದೆ. ಗಳೆಯು ಬಾಳನ್ನು ಹೇಳುತ್ತದೆ.