ಹಕ್ಕು ಉಳಿಯುತ್ತೆ, ಅರಿಯರ್ಸ್ ಕರಗುತ್ತೆ: ಲೋಧಿ ಕಾಲೋನಿಯಿಂದ ಒಂದು ಸಂಬಳದ ಇತಿಹಾಸ

ನೋಯ್ಡಾ, ಗುರ್‌ಗಾಂವ್ ಕಡೆಯ ನಮ್ಮ ಟೆಕ್ಕಿಗಳು ಲೋಧಿ ಕಾಲೋನಿಗೆ ಹೋಗೋದು ಗೋಡೆಚಿತ್ರಗಳ ಮುಂದೆ ಫೋಟೋ ತೆಗೆಸಿಕೊಳ್ಳೋಕೆ. ನಾನಿವತ್ತು ಹೇಳಹೊರಟಿರೋದು ಆ ಗೋಡೆಗಳ ಹಿಂದೆ ಸಂಸಾರ ಮಾಡಿದವರ ಕಥೆ. 1940ರ ದಶಕದಲ್ಲಿ ಬ್ರಿಟಿಷ್ ಸರ್ಕಾರ ತನ್ನ ನೌಕರರಿಗಾಗಿ ಕಟ್ಟಿಸಿದ ಬಡಾವಣೆ ಇದು. ಪಕ್ಕದ ಲೋಧಿ ಎಸ್ಟೇಟ್‌ನಲ್ಲೇ ನಮ್ಮ ದೆಹಲಿ ಕನ್ನಡ ಶಾಲೆ ಇದೆ.

ಈ ಮನೆಗಳಿಗೆ ಮೊದಲು ಬಂದ ನೌಕರನಿಗೆ ಸರ್ಕಾರವೇ ಸಂಬಳ ಬಾಕಿ ಉಳಿಸಿಕೊಂಡಿದ್ದರೆ? ನಮಗಾದರೆ ಹೆಚ್‌ಆರ್‌ಗೆ ಒಂದು ಟಿಕೆಟ್ ಹಾಕಿದರಾಯಿತು. ಅವನು ಅರ್ಜಿ ಬರೆದು ಕಾಯಬೇಕಿತ್ತು. ಕೋರ್ಟಿಗೆ ಹೋಗಿ ವಸೂಲಿ ಮಾಡೋ ಹಕ್ಕೇ ಅವನಿಗಿಲ್ಲ ಅನ್ನೋದು ಸರ್ಕಾರದ ವಾದ. ನೌಕರಿ ದೊರೆಯ ಇಷ್ಟ, ಸಂಬಳ ದೊರೆಯ ಕೃಪೆ!

ಗುಮಾಸ್ತರ ಮಾತು ಹಾಗಿರಲಿ, ಐಸಿಎಸ್ ಅಧಿಕಾರಿಗೂ ಇದೇ ಗತಿ. ಐ.ಎಂ. ಲಾಲ್ ಅನ್ನೋರನ್ನ 1940ರಲ್ಲಿ ಕೆಲಸದಿಂದ ತೆಗೆದರು. ಲಂಡನ್ನಿನ ಪ್ರಿವಿ ಕೌನ್ಸಿಲ್ 1948ರಲ್ಲಿ ಆ ವಜಾ ಕಾನೂನುಬದ್ಧ ಅಲ್ಲ ಎಂದಿತು. ಆದರೆ ಬಾಕಿ ಸಂಬಳ? ಅದನ್ನು ಕೇಳಿ ದಾವೆ ಹೂಡುವಂತಿಲ್ಲ ಎಂದೂ ಅದೇ ತೀರ್ಪು ಹೇಳಿತು.

ಆ ಬಾಗಿಲು ತೆರೆದದ್ದು ಬಿಹಾರದ ಒಬ್ಬ ಸಬ್‌ಇನ್‌ಸ್ಪೆಕ್ಟರ್ ಪ್ರಕರಣದಿಂದ. ಅಬ್ದುಲ್ ಮಜೀದ್ ಅವರನ್ನೂ 1940ರಲ್ಲೇ ವಜಾ ಮಾಡಿ, ಆಮೇಲೆ ಸರ್ಕಾರವೇ ವಾಪಸ್ ತೆಗೆದುಕೊಂಡಿತ್ತು. ನಡುವಿನ ಸಂಬಳ ಮಾತ್ರ ಕೊಡಲಿಲ್ಲ. 1954ರಲ್ಲಿ ಸುಪ್ರೀಂ ಕೋರ್ಟ್ ಅವರ ಪರ ನಿಂತಿತು. ಅದರ ಒಂದು ತರ್ಕ ನನಗೆ ಬಹಳ ಇಷ್ಟ. ಸಾಲಗಾರನಾದ ಸರ್ಕಾರಿ ನೌಕರನ ಸಂಬಳವನ್ನ ಕೋರ್ಟ್ ಮೂಲಕ ಜಪ್ತಿ ಮಾಡೋಕೆ ನಮ್ಮ ಸಿವಿಲ್ ಕಾನೂನಿನಲ್ಲೇ ಅವಕಾಶ ಇದೆ. ಸಾಲ ಕೊಟ್ಟವನು ಕೋರ್ಟಲ್ಲಿ ಕೇಳಬಹುದಾದ ದುಡ್ಡನ್ನ, ದುಡಿದವನು ಯಾಕೆ ಕೇಳಬಾರದು?

ಹಕ್ಕೇನೋ ಸಿಕ್ಕಿತು. ಆದರೆ ಎಷ್ಟು ಹಿಂದಿನವರೆಗೆ ಕೇಳಬಹುದು? 1995ರಲ್ಲಿ ಎಂ.ಆರ್. ಗುಪ್ತಾ ಅನ್ನೋ ರೈಲ್ವೆ ನೌಕರರ ಪ್ರಕರಣ ಬಂತು. ವೇತನ ನಿಗದಿ ತಪ್ಪಾಗಿದೆ ಅನ್ನೋದು ಅವರ ದೂರು. ತಡವಾಯ್ತು ಅಂತ ನ್ಯಾಯಮಂಡಳಿ ವಾಪಸ್ ಕಳಿಸಿತ್ತು. ಸುಪ್ರೀಂ ಕೋರ್ಟ್ ಒಪ್ಪಲಿಲ್ಲ. ಕಡಿಮೆ ಸಂಬಳ ಕೈಗೆ ಬರುವ ಪ್ರತಿ ತಿಂಗಳೂ ಅನ್ಯಾಯ ಹೊಸದಾಗಿ ನಡೀತಿದೆ, ಹಾಗಾಗಿ ಕೇಳುವ ಹಕ್ಕು ಜೀವಂತ. ಆದರೆ ಕಾಲಮಿತಿ ದಾಟಿದ ಹಳೇ ಬಾಕಿ ಮಾತ್ರ ಸಿಗೋದಿಲ್ಲ ಎಂದಿತು.

ಆ ಗೆರೆಯನ್ನ ಖಚಿತವಾಗಿ ಎಳೆದದ್ದು 2008ರ ತರ್ಸೇಮ್ ಸಿಂಗ್ ತೀರ್ಪು. ಬರೆದವರು ನಮ್ಮ ಕರ್ನಾಟಕ ಹೈಕೋರ್ಟ್‌ನಲ್ಲಿ ನ್ಯಾಯಮೂರ್ತಿಯಾಗಿದ್ದ ಆರ್.ವಿ. ರವೀಂದ್ರನ್. 1983ರಲ್ಲಿ ಅನಾರೋಗ್ಯದ ಕಾರಣ ಸೇನೆಯಿಂದ ಬಿಡುಗಡೆಯಾದ ಯೋಧ, ಅಂಗವೈಕಲ್ಯ ಪಿಂಚಣಿ ಕೇಳಿ ಕೋರ್ಟಿಗೆ ಬಂದದ್ದು 1999ರಲ್ಲಿ. ಹೈಕೋರ್ಟಿನ ವಿಭಾಗೀಯ ಪೀಠ ಹದಿನಾರು ವರ್ಷದ ಅರಿಯರ್ಸ್ ಬಡ್ಡಿ ಸಮೇತ ಕೊಡಿ ಎಂದಿತ್ತು. ಸುಪ್ರೀಂ ಕೋರ್ಟ್ ಅದನ್ನ ರದ್ದು ಮಾಡಿ, 38 ತಿಂಗಳಿಗೆ ಸೀಮಿತಗೊಳಿಸಿದ್ದ ಏಕಸದಸ್ಯ ಪೀಠದ ಆದೇಶವನ್ನೇ ಉಳಿಸಿತು. ಪಿಂಚಣಿ ಉಳೀತು, ಬಡ್ಡಿ ಹೋಯ್ತು. ಸಾಮಾನ್ಯ ನಿಯಮ ಹೀಗಾಯಿತು: ಅರ್ಜಿ ಹಾಕಿದ ದಿನಕ್ಕಿಂತ ಹಿಂದಿನ ಮೂರು ವರ್ಷದ ಬಾಕಿ ಮಾತ್ರ. ಬಡ್ತಿ, ಜ್ಯೇಷ್ಠತೆ ವಿಷಯದಲ್ಲಿ ಇನ್ನೂ ಬಿಗಿ. ಅಲ್ಲಿ ಬೇರೆಯವರ ಜಾಗಕ್ಕೆ ಕುತ್ತು ಬರುವುದರಿಂದ ತಡಮಾಡಿದರೆ ಹಕ್ಕೇ ಹೋಗಬಹುದು.

ಇದು ನ್ಯಾಯವೇ? ದಶಕಗಳ ಹಳೇ ಕಡತ ಹುಡುಕಿ ಲೆಕ್ಕ ಹಾಕೋದು ಕಷ್ಟ ನಿಜ. ಆದರೆ ತಪ್ಪು ಮಾಡಿದ ಸರ್ಕಾರಕ್ಕೆ ಎಷ್ಟು ತಡವಾದರೆ ಅಷ್ಟು ಲಾಭ ಅನ್ನೋದು ನನಗಂತೂ ಕಸಿವಿಸಿ ತರಿಸುತ್ತೆ.

ಇದನ್ನ ನಿಮಗೆ ಹೇಳೋಕೆ ಕಾರಣ ಇದೆ. ನಮ್ಮಲ್ಲಿ ಬಹಳ ಜನರ ಅಪ್ಪ ಅಮ್ಮ ಮೇಷ್ಟ್ರು, ಪೋಸ್ಟಾಫೀಸು, ರೈಲ್ವೆ ಅಂತ ಸರ್ಕಾರಿ ಸಂಬಳದಲ್ಲಿ ನಮ್ಮನ್ನ ಓದಿಸಿದವರು. “ಮನವಿ ಕೊಟ್ಟಿದ್ದೀನಿ ಕಣಪ್ಪಾ, ಉತ್ತರ ಬರುತ್ತೆ” ಅಂತ ಸುಮ್ಮನಿರ್ತಾರೆ. ಮನವಿ ಮೇಲೆ ಮನವಿ ಕೊಟ್ಟರೆ ಕಾಲಮಿತಿ ಹಿಗ್ಗೋದಿಲ್ಲ. 1985ರ ಆಡಳಿತ ನ್ಯಾಯಮಂಡಳಿ ಕಾಯ್ದೆ ಪ್ರಕಾರ ಮೇಲ್ಮನವಿಗೆ ಆರು ತಿಂಗಳಲ್ಲಿ ಉತ್ತರ ಬಾರದಿದ್ದರೆ, ಅಲ್ಲಿಂದ ಒಂದು ವರ್ಷದೊಳಗೆ ನ್ಯಾಯಮಂಡಳಿಗೆ ಹೋಗಬೇಕು. ಈ ಸಲ ಊರಿಗೆ ಹೋದಾಗ ಬೀರುವಿನಲ್ಲಿರೋ ಆ ಫೈಲ್ ತೆಗೆಸಿ, ತಾರೀಖು ನೋಡಿ, ಒಬ್ಬ ಒಳ್ಳೇ ವಕೀಲರಿಗೆ ತೋರಿಸಿ. ಬೀರುವಿನಲ್ಲಿ ಕಳೆಯೋ ಒಂದೊಂದು ತಿಂಗಳಿಗೂ ಒಂದೊಂದು ತಿಂಗಳ ಬಾಕಿ ಕರಗ್ತಾ ಇರುತ್ತೆ.

ಮತ್ತೆ ಸಿಗೋಣ.