ಗೊಟ್ಟ, ನೇತ್ರ, ನಳಿಕೆ

ಗುಂಡ್ಲುಪೇಟೆ ಚಾಮರಾಜನಗರಗಳ ಕಾಡಂಚಿನ ಸೀಮೆಯಲ್ಲಿ ಬಿದಿರೂ ಉಂಟು, ದನಕರುಗಳೂ ಉಂಟು. ದನಕ್ಕೆ ಕಷಾಯವನ್ನು ಕುಡಿಸುವುದಕ್ಕಾಗಿ ಒಂದು ಗೆಣ್ಣನ್ನು ಉಳಿಸಿಕೊಂಡು ಬಾಯನ್ನು ಓರೆಯಾಗಿ ಕೊಯ್ದ ಬಿದಿರ ಕೊಳವೆಗೆ ಕನ್ನಡದಲ್ಲಿ ಗೊಟ್ಟವೆಂದು ಹೆಸರು. ಇದನ್ನು ಬಾಯ ಪಕ್ಕದ ಹಲ್ಲಿಲ್ಲದ ಎಡೆಯಿಂದ ತೂರಿಸಿ, ತಲೆಯನ್ನು ಮಿತವಾಗಿ ಎತ್ತಿ, ಗುಟುಕು ಗುಟುಕಾಗಿ ಹೊಯ್ಯತಕ್ಕದ್ದು. ನಾಲಗೆಯನ್ನು ಹಿಡಿದೆಳೆಯಲಾಗದು, ಕೆಮ್ಮಿದೊಡನೆ ತಲೆಯನ್ನು ಬಿಡಬೇಕು. ಇಲ್ಲವಾದರೆ ಔಷಧವು ನೆತ್ತಿಗೇರುವುದೆಂದು ಜನರು ಹೇಳುವರು. ನಿಜಕ್ಕೂ ಅದು ಏರುವುದಿಲ್ಲ, ಶ್ವಾಸನಾಳಕ್ಕೆ ಇಳಿಯುತ್ತದೆ. ಆದರೂ ನುಡಿಗಟ್ಟು ಅಪಾಯವನ್ನು ಸರಿಯಾಗಿಯೇ ಗುರುತಿಸಿದೆ.

ಚಾಮರಾಜನಗರ ತಾಲ್ಲೂಕಿನ ಮಲೆಯೂರ ಕನಕಗಿರಿಯು ಪೂಜ್ಯಪಾದರ ತಪೋಭೂಮಿಯೆಂದು ಜೈನರ ಐತಿಹ್ಯ. ಅವರ ಕಲ್ಯಾಣಕಾರಕವನ್ನು ಹನ್ನೆರಡನೆಯ ಶತಮಾನದ ಜಗದ್ದಳ ಸೋಮನಾಥನು ಕನ್ನಡಿಸಿದನು. ವೈದ್ಯಶಾಸ್ತ್ರದ ನೆನಪು ಹೀಗೆ ಬೆರೆತಿರುವ ನೆಲದಲ್ಲಿ, ಇಂದಿನ ಆಸ್ಪತ್ರೆಗಳ ಆಹಾರನಳಿಕೆಯೂ ಪ್ರಾಚೀನರಿಗೆ ತಿಳಿದಿತ್ತೆಂದು ಹೇಳಿಬಿಡುವುದು ಸುಲಭ. ಆ ಮಾತು ಪರೀಕ್ಷೆಗೆ ನಿಲ್ಲುವುದಿಲ್ಲ.

ಚರಕಸಂಹಿತೆಯ ಸಿದ್ಧಿಸ್ಥಾನದಲ್ಲಿ ಕೊಳವೆಯ ವಿಚಾರವು ಅತಿ ಸೂಕ್ಷ್ಮವಾಗಿ ಬಂದಿರುವುದು ದಿಟ. ಅದು ಬಸ್ತಿಯ ಕೊಳವೆ, ಹೆಸರು ನೇತ್ರ. ಇಲ್ಲಿ ನೇತ್ರವೆಂದರೆ ಕಣ್ಣಲ್ಲ, ಒಯ್ಯುವಂಥದು, ಧಾತುವು 'ಣೀ'. ಆರು ವರ್ಷದವನಿಗೆ 6 ಅಂಗುಲ, ಹನ್ನೆರಡರವನಿಗೆ 8, ಇಪ್ಪತ್ತರವನಿಗೆ 12. ರಂಧ್ರವು ಕ್ರಮವಾಗಿ ಹೆಸರುಕಾಳು, ಬಟಾಣಿ, ಬೋರೆಹಣ್ಣು ಹಾಯುವಷ್ಟು. ಹ್ರಸ್ವ, ದೀರ್ಘ, ಜೀರ್ಣ, ಶಿಥಿಲಬಂಧನ, ಪಾರ್ಶ್ವಚ್ಛಿದ್ರ, ವಕ್ರ ಮೊದಲಾಗಿ ನೇತ್ರದೋಷಗಳು ಎಂಟು. ಇಷ್ಟೆಲ್ಲ ಇದ್ದರೂ ಇದು ಗುದಮಾರ್ಗದ ಉಪಕರಣ. ಗೊಟ್ಟವಾದರೋ ಬಾಯಲ್ಲಿಯೇ ನಿಲ್ಲುವುದು. ನುಂಗಬಲ್ಲ ಪ್ರಾಣಿಗೇ ಅದು ಸಲ್ಲುತ್ತದೆ. ನುಂಗಲಾರದವನ ಜಠರಕ್ಕೆ ನೇರವಾಗಿ ಔಷಧವನ್ನು ಮುಟ್ಟಿಸುವ ಕೆಲಸ ಇವೆರಡರಿಂದಲೂ ಆಗದು.

ಆ ಕೆಲಸದ ಪ್ರಸಿದ್ಧ ದೃಷ್ಟಾಂತವು ಲಂಡನ್ನಿನ ಜಾನ್ ಹಂಟರನದು. ಗಂಟಲಿನ ಸ್ನಾಯುಗಳು ಸ್ವಾಧೀನ ತಪ್ಪಿದ ರೋಗಿಗೆ ಹಾವುಮೀನಿನ ತೊಗಲ ಕೊಳವೆಯಿಂದ ಆಹಾರವನ್ನೂ ಔಷಧವನ್ನೂ ಇಳಿಸಿ ಗುಣಪಡಿಸಿದ ವೃತ್ತಾಂತವು 1793ರಲ್ಲಿ ಅಚ್ಚಾಯಿತು. ಮೂಗಿನಿಂದ ಇಳಿಸುವ ಲೆವಿನ್ನನ ನಳಿಕೆಯು ಬಂದುದು 1921ರಲ್ಲಿ.

ವಿಧಿಗಳನ್ನು ಹೋಲಿಸಿದರೆ ಮಾತ್ರ ವಿಷಯವು ರಸವತ್ತಾಗುತ್ತದೆ. ನಳಿಕೆಯ ತುದಿಯು ಜಠರದಲ್ಲಿಯೇ ಇದೆಯೆಂದು ಮೊದಲು ನಿಶ್ಚಯಿಸಬೇಕು. ರೋಗಿಯ ತಲೆದಿಂಬು 30ರಿಂದ 45 ಡಿಗ್ರಿ ಎತ್ತರಿಸಿರಬೇಕು. ಒಂದೊಂದು ಔಷಧವನ್ನೂ ಬೇರೆಬೇರೆಯಾಗಿ ಕೊಡಬೇಕು, ಆಹಾರದೊಡನೆ ಕಲಸಲಾಗದು; ಮಂದವಾದ ಪಾಕವನ್ನು ನೀರಿನಿಂದ ತೆಳುಮಾಡಬೇಕು. ನಿಧಾನವಾಗಿ ಕರಗಲೆಂದೇ ಮಾಡಿದ ಗುಳಿಗೆಯನ್ನು ಅರೆಯುವುದು ನಿಷಿದ್ಧ. ವಾಯುವು ಹೊಗದಂತೆ ಬಸ್ತಿಯಲ್ಲಿ ಔಷಧವನ್ನು ತುಸು ಉಳಿಸಬೇಕೆಂದು ಚರಕನ ವಿಧಿ. ನಳಿಕೆಯಲ್ಲಿಯಾದರೋ ಉಳಿದ ಔಷಧವೇ ಕಟ್ಟಿಕೊಳ್ಳುವುದರಿಂದ, ಪ್ರತಿಯೊಂದರ ಮುಂಚೆಯೂ ಅನಂತರವೂ ನೀರನ್ನು ಹಾಯಿಸಿ ತೊಳೆಯುತ್ತಾರೆ.