ತಟಸ್ಥ ದೇಶದ ಕೈಗೆ ಕೋವಿ ಕೊಟ್ಟವರು

ಕಾಲೇಜಿನ ಗೈಡುಗಳಲ್ಲಿ ಅಮೆರಿಕ ಮೊದಲನೇ ಮಹಾಯುದ್ಧ ಸೇರಿದ ಕತೆ ಎರಡು ಸಾಲಿನಲ್ಲಿ ಮುಗಿದುಹೋಗುತ್ತದೆ. ಜರ್ಮನಿ ಹಡಗು ಮುಳುಗಿಸಿತು, ತಾಳ್ಮೆಗೆಟ್ಟ ಅಮೆರಿಕ 1917ರ ಏಪ್ರಿಲ್‌ನಲ್ಲಿ ಯುದ್ಧ ಸಾರಿತು. ಐದು ಮಾರ್ಕಿನ ಪ್ರಶ್ನೆಗೆ ಇಷ್ಟು ಸಾಕು. ಮನೆತನದಲ್ಲಿ ಮೊದಲ ಸಲ ಕಾಲೇಜು ಮೆಟ್ಟಿಲು ಹತ್ತಿದ ನಾವು ಇದನ್ನೇ ಉರು ಹೊಡೆದು ಪಾಸಾದವರು. ಆದರೆ ಒಂದು ಇಡೀ ದೇಶಕ್ಕೆ ಒಟ್ಟಿಗೆ ತಾಳ್ಮೆ ಕೆಡುತ್ತದೆಯೆ? ಹೊಲದಲ್ಲಿ ಗೋಧಿ ಕೊಯ್ಯುವವನಿಗೆ, ಗಣಿಯಲ್ಲಿ ಕಲ್ಲಿದ್ದಲು ಒಡೆಯುವವನಿಗೆ, ಹತ್ತಿ ಬಿಡಿಸುವ ಕಪ್ಪು ಹೆಂಗಸಿಗೆ ಜರ್ಮನಿಯ ಮೇಲೆ ಅಂಥಾ ಸಿಟ್ಟು ಎಲ್ಲಿಂದ ಬಂತು? ಗೈಡು ಇದನ್ನು ಹೇಳುವುದಿಲ್ಲ.

ಯುದ್ಧ ಶುರುವಾದಾಗ, 1914ರ ಆಗಸ್ಟ್‌ನಲ್ಲಿ, ಅಧ್ಯಕ್ಷ ವುಡ್ರೋ ವಿಲ್ಸನ್ ತನ್ನ ಜನಕ್ಕೆ ನಡತೆಯಲ್ಲಷ್ಟೇ ಅಲ್ಲ, ಮನಸ್ಸಿನಲ್ಲೂ ತಟಸ್ಥರಾಗಿರಿ ಅಂತ ಕರೆಕೊಟ್ಟ. ಅವನ ವಿದೇಶಾಂಗ ಮಂತ್ರಿ ವಿಲಿಯಂ ಜೆನಿಂಗ್ಸ್ ಬ್ರಯಾನ್ ಇನ್ನೂ ಒಂದು ಹೆಜ್ಜೆ ಮುಂದೆ ಹೋದ. ಯುದ್ಧ ಮಾಡುವ ಯಾವ ದೇಶಕ್ಕೂ ನಮ್ಮ ಬ್ಯಾಂಕುಗಳು ಸಾಲ ಕೊಡಬಾರದು, ನಿಷಿದ್ಧ ಸರಕುಗಳಲ್ಲೆಲ್ಲಾ ಹಣವೇ ಅತಿ ಕೆಟ್ಟದ್ದು, ಯಾಕೆಂದರೆ ಮಿಕ್ಕೆಲ್ಲವನ್ನೂ ಅದೇ ಆಳುತ್ತದೆ ಎಂದ. ಸಾಲದ ಗುಣ ಬಲ್ಲವನ ಮಾತಿದು.

ಆ ಮಾತು ಮೂರು ತಿಂಗಳೂ ಗಟ್ಟಿಯಾಗಿ ನಿಲ್ಲಲಿಲ್ಲ. ಅಕ್ಟೋಬರ್‌ನಲ್ಲಿ 'ಸಾಲ ಬೇರೆ, ವ್ಯಾಪಾರದ ಉದ್ರಿ ಬೇರೆ' ಎಂಬ ಉಪಾಯ ಹುಡುಕಿ ಉದ್ರಿಗೆ ಬಾಗಿಲು ತೆರೆದರು. 1915ರ ಜನವರಿಯಲ್ಲಿ ಜೆ.ಪಿ. ಮಾರ್ಗನ್ ಕಂಪನಿ ಬ್ರಿಟನ್ನಿನ ಖರೀದಿ ಏಜೆಂಟಾಯಿತು. ಆ ವರ್ಷದ ಅಕ್ಟೋಬರ್‌ನಲ್ಲಿ ಬ್ರಿಟನ್, ಫ್ರಾನ್ಸುಗಳಿಗೆ 50 ಕೋಟಿ ಡಾಲರ್ ಸಾಲ ಬಹಿರಂಗವಾಗಿಯೇ ಎದ್ದಿತು. 1917ರ ಏಪ್ರಿಲ್ ಹೊತ್ತಿಗೆ ಮಿತ್ರಪಕ್ಷಕ್ಕೆ ಕೊಟ್ಟದ್ದು ಸುಮಾರು 230 ಕೋಟಿ ಡಾಲರ್. ಜರ್ಮನಿಗೆ ಕೊಟ್ಟದ್ದು ಸುಮಾರು 2 ಕೋಟಿ 70 ಲಕ್ಷ.

ಊರಲ್ಲಿ ಇಬ್ಬರು ಬದುವಿನ ಮೇಲೆ ಹೊಡೆದಾಡುತ್ತಿದ್ದಾರೆ ಅನ್ನಿ. ಸಾಹುಕಾರ ಒಬ್ಬನಿಗೆ ಮಾತ್ರ ದೊಣ್ಣೆ, ಅಕ್ಕಿ, ರೊಕ್ಕ ಎಲ್ಲಾ ಸಾಲ ಕೊಟ್ಟು, ಕಟ್ಟೆ ಮೇಲೆ ಕೂತು 'ನಾನು ಯಾರ ಕಡೆಯೂ ಅಲ್ಲ' ಅಂದರೆ ಯಾರು ನಂಬುತ್ತಾರೆ? ಸಾಲ ತಗೊಂಡವನು ಸೋತರೆ ಸಾಹುಕಾರನ ಗಂಟು ಮುಳುಗುತ್ತದೆ. ಲಂಡನ್ನಿನಲ್ಲಿದ್ದ ಅಮೆರಿಕದ ರಾಯಭಾರಿ ವಾಲ್ಟರ್ ಪೇಜ್ 1917ರ ಮಾರ್ಚ್‌ನಲ್ಲಿ ವಾಷಿಂಗ್ಟನ್ನಿಗೆ ತಂತಿ ಕಳಿಸಿ, ನಮ್ಮ ವ್ಯಾಪಾರ ಉಳಿಯಲು, ಮಾರುಕಟ್ಟೆ ಕುಸಿಯದಿರಲು ನಾವು ಯುದ್ಧಕ್ಕಿಳಿಯುವುದೊಂದೇ ದಾರಿ ಇರಬಹುದು ಎಂದು ಬಿಚ್ಚಿ ಹೇಳಿದ.

ಹಾಗಂತ ವಿಲ್ಸನ್ ಬ್ಯಾಂಕಿನವರ ಮಾತು ಕೇಳಿ ಯುದ್ಧ ಸಾರಿದ ಎಂದು ಒಂದೇ ಏಟಿಗೆ ಹೇಳಿಬಿಟ್ಟರೆ ಅದು ಘೋಷಣೆಯಾದೀತು, ಚರಿತ್ರೆಯಾಗದು. ಸಮುದ್ರದ ಮೇಲೆ ನಡೆದದ್ದನ್ನೂ ನೋಡಬೇಕು. ಬ್ರಿಟನ್ ಉತ್ತರ ಸಮುದ್ರಕ್ಕೆ ದಿಗ್ಬಂಧನ ಹಾಕಿ ಜರ್ಮನ್ ಜನರ ಅನ್ನವನ್ನೇ ತಡೆಯಿತು. ಜರ್ಮನಿ 1915ರ ಫೆಬ್ರವರಿಯಲ್ಲಿ ಸಬ್‌ಮೆರೀನುಗಳನ್ನು ಬಿಟ್ಟಿತು. ಎರಡೂ ತಟಸ್ಥರ ಹಕ್ಕಿನ ಮೇಲೆ ಬಿದ್ದ ಏಟುಗಳೇ. ಬ್ರಿಟನ್ನಿಗೆ ವಿಲ್ಸನ್ ದೂರಿನ ಕಾಗದ ಬರೆದು ಸುಮ್ಮನಾದ. ಜರ್ಮನಿಗೆ ಮಾತ್ರ ಕಟ್ಟುನಿಟ್ಟಾಗಿ ಲೆಕ್ಕ ಒಪ್ಪಿಸಬೇಕು ಎಂದ.

1915ರ ಮೇ 7ರಂದು ಲೂಸಿಟಾನಿಯಾ ಎಂಬ ಬ್ರಿಟಿಷ್ ಹಡಗು ಮುಳುಗಿತು. ಸತ್ತವರು 1,198 ಜನ, ಅವರಲ್ಲಿ 128 ಅಮೆರಿಕನ್ನರು. ಕೂಸುಗಳೂ ಇದ್ದವು. ಇದು ಕ್ರೌರ್ಯವೇ, ಅನುಮಾನವಿಲ್ಲ. ಆದರೆ ಅದೇ ಹಡಗಿನ ಹೊಟ್ಟೆಯಲ್ಲಿ ಸಾವಿರಾರು ಪೆಟ್ಟಿಗೆ ಬಂದೂಕಿನ ತೋಟಾ ಇದ್ದವು. ಇಂಥ ಹಡಗು ಹತ್ತಬೇಡಿ ಅಂತ ನಮ್ಮ ಜನಕ್ಕೂ ಹೇಳೋಣ, ಬ್ರಿಟನ್ನಿಗೂ ಅಷ್ಟೇ ಬಿರುಸಾಗಿ ಬರೆಯೋಣ ಎಂದು ಬ್ರಯಾನ್ ಹಟ ಹಿಡಿದ. ವಿಲ್ಸನ್ ಕೇಳಲಿಲ್ಲ. ಜೂನ್‌ನಲ್ಲಿ ಬ್ರಯಾನ್ ಮಂತ್ರಿ ಪದವಿ ಬಿಟ್ಟು ಹೊರನಡೆದ. ಮುಂದಿನ ವರ್ಷ, ಕೋವಿ ಹೊತ್ತ ಪರದೇಶದ ಹಡಗುಗಳನ್ನು ಹತ್ತಬಾರದೆಂದು ಜನಕ್ಕೆ ಎಚ್ಚರಿಕೆ ಕೊಡುವ ಠರಾವು ಅಲ್ಲಿನ ಸಂಸತ್ತಿಗೆ ಬಂತು. ವಿಲ್ಸನ್ ತನ್ನ ಬಲವನ್ನೆಲ್ಲ ಹಾಕಿ ಅದನ್ನು ಮೂಲೆಗೆ ತಳ್ಳಿಸಿದ. ಹಡಗು ಹತ್ತುವ ಕೆಲವರ ಹಕ್ಕು ಇಡೀ ದೇಶದ ಮಾನವಾಯಿತು. ಟಿಕೇಟು ಕೊಳ್ಳಲು ಕಾಸಿಲ್ಲದವನೂ ಆ ಮಾನಕ್ಕಾಗಿ ಸಾಯಲು ತಯಾರಾಗಬೇಕಾಯಿತು.

1916ರಲ್ಲಿ ಎರಡು ಕೆಲಸ ಒಟ್ಟಿಗೇ ನಡೆದವು. ಒಂದು ಕಡೆ 'ಸನ್ನದ್ಧತೆ'ಯ ಹೆಸರಲ್ಲಿ ನಗರಗಳಲ್ಲಿ ಮೆರವಣಿಗೆ. ಜೂನ್‌ನಲ್ಲಿ ಸೈನ್ಯ ಬೆಳೆಸುವ ಕಾಯಿದೆ. ಇನ್ನೊಂದು ಕಡೆ 'ನಮ್ಮನ್ನು ಯುದ್ಧದಿಂದ ಹೊರಗಿಟ್ಟವನು' ಎಂಬ ಘೋಷಣೆ ಹಿಡಿದು ವಿಲ್ಸನ್ನನ ಪಕ್ಷ ಚುನಾವಣೆಗೆ ಹೋಯಿತು. ನವೆಂಬರ್‌ನಲ್ಲಿ ವಿಲ್ಸನ್ ಗೆದ್ದ. ಐದೇ ತಿಂಗಳು. ಓಟು ಬಿದ್ದದ್ದು ಶಾಂತಿಗೆ, ಸಿಕ್ಕಿದ್ದು ಯುದ್ಧ.

1917ರ ಫೆಬ್ರವರಿ 1ರಿಂದ ಯಾವ ಹಡಗನ್ನೂ ಬಿಡುವುದಿಲ್ಲ ಎಂದು ಜರ್ಮನಿ ಸಾರಿತು. ಅಮೆರಿಕದ ಮೇಲೆ ಯುದ್ಧಕ್ಕೆ ಜೊತೆಗೂಡಿದರೆ ಟೆಕ್ಸಾಸ್, ನ್ಯೂ ಮೆಕ್ಸಿಕೋ, ಅರಿಜೋನಾ ನಿನಗೆ ವಾಪಸು ಎಂದು ಜರ್ಮನ್ ಮಂತ್ರಿ ಝಿಮ್ಮರ್‌ಮನ್ ಮೆಕ್ಸಿಕೋಗೆ ಆಸೆ ತೋರಿಸಿದ ತಂತಿ ಬ್ರಿಟಿಷರ ಕೈಗೆ ಸಿಕ್ಕಿತು. ಮಾರ್ಚ್ 1ರಂದು ಪತ್ರಿಕೆಗಳಲ್ಲಿ ಅಚ್ಚಾಯಿತು. ತಂತಿ ನಿಜ. ಅದನ್ನು ಝಿಮ್ಮರ್‌ಮನ್ನನೇ ಒಪ್ಪಿಕೊಂಡ. ಭಯ ಪೂರಾ ಸುಳ್ಳಾಗಿರಬೇಕಿಲ್ಲ. ಸರಿಯಾದ ಹೊತ್ತಿಗೆ ಬೀದಿಗೆ ಬಂದರೆ ಸಾಕು. ವ್ಯಾಪಾರಿ ಹಡಗುಗಳಿಗೆ ತೋಪು ಕೊಡುವ ಮಸೂದೆಯನ್ನು ಸೆನೆಟಿನಲ್ಲಿ ಲಾ ಫೋಲೆಟ್, ನಾರಿಸ್ ಮುಂತಾದವರು ತಡೆದು ನಿಲ್ಲಿಸಿದರೆ, ವಿಲ್ಸನ್ ಅವರನ್ನು ಹಟಮಾರಿಗಳೆಂದು ಜರೆದು, ತನ್ನ ಅಧಿಕಾರದಿಂದಲೇ ತೋಪು ಕೊಡಿಸಿದ.

ಏಪ್ರಿಲ್ 2ರಂದು ವಿಲ್ಸನ್ ಸಂಸತ್ತಿನ ಮುಂದೆ ನಿಂತು ಪ್ರಜಾಪ್ರಭುತ್ವಕ್ಕಾಗಿ ಜಗತ್ತನ್ನು ಕಾಪಾಡಬೇಕು ಎಂದ. ದೇಶದ ಬಾವುಟದ ಮೇಲೆ ಡಾಲರಿನ ಗುರುತು ಹಾಕಲು ಹೊರಟಿದ್ದೇವೆ ಅಂತ ನಾರಿಸ್ ಕೂಗಿ ಹೇಳಿದ. ಸೆನೆಟಿನಲ್ಲಿ 82 ಮತ ಯುದ್ಧಕ್ಕೆ, 6 ವಿರುದ್ಧ. ಪ್ರತಿನಿಧಿ ಸಭೆಯಲ್ಲಿ 373 ಯುದ್ಧಕ್ಕೆ, 50 ವಿರುದ್ಧ. ಆ ಐವತ್ತರಲ್ಲಿ ಅಲ್ಲಿನ ಸಂಸತ್ತಿಗೆ ಆರಿಸಿ ಬಂದ ಮೊದಲ ಹೆಂಗಸು ಜೆನೆಟ್ ರ‍್ಯಾಂಕಿನ್ ಒಬ್ಬಳು.

ಇಷ್ಟಾದರೂ ಜನ ಪೂರ್ತಿ ಒಪ್ಪಿರಲಿಲ್ಲ. ಒಪ್ಪಿದ್ದರೆ ಮುಂದಿನ ಸರಂಜಾಮು ಯಾಕೆ ಬೇಕಿತ್ತು? ವಾರದೊಳಗೆ ಜಾರ್ಜ್ ಕ್ರೀಲ್ ಎಂಬ ಪತ್ರಕರ್ತನ ಕೈಯಲ್ಲಿ ಪ್ರಚಾರದ ಸಮಿತಿ ಹುಟ್ಟಿತು. ಸುಮಾರು 75,000 ಭಾಷಣಕಾರರು ಸಿನಿಮಾ ಟೆಂಟು, ಚರ್ಚು, ಸಂತೆಗಳಲ್ಲಿ ನಾಲ್ಕು ನಾಲ್ಕು ನಿಮಿಷ ಯುದ್ಧದ ಮಾತು ಬಿತ್ತಿದರು. ಮೇ ತಿಂಗಳಲ್ಲಿ ಕಡ್ಡಾಯ ಸೈನ್ಯ ಸೇವೆ. ಜೂನ್‌ನಲ್ಲಿ ಬೇಹುಗಾರಿಕೆ ಕಾಯಿದೆ. ಹೆಸರು ಬೇಹುಗಾರರದ್ದು, ಸಿಕ್ಕಿಬಿದ್ದವರು ಮಾತಾಡಿದವರು. ಯುದ್ಧ ಸಾರುವವರು ಧಣಿಗಳು, ಸಾಯುವವರು ದುಡಿಯುವವರು ಎಂದು 1918ರ ಜೂನ್‌ನಲ್ಲಿ ಭಾಷಣ ಮಾಡಿದ ಕಾರ್ಮಿಕ ನಾಯಕ ಯೂಜೀನ್ ಡೆಬ್ಸ್‌ಗೆ ಹತ್ತು ವರ್ಷ ಸಜಾ ಆಯಿತು. ಜೈಲಿನಿಂದಲೇ 1920ರಲ್ಲಿ ಅಧ್ಯಕ್ಷ ಪದವಿಗೆ ನಿಂತ ಅವನಿಗೆ ಒಂಬತ್ತು ಲಕ್ಷಕ್ಕೂ ಮಿಕ್ಕಿ ಓಟು ಬಂದವು.

ಓದಿದವರು ಏನು ಮಾಡಿದರು? ಈ ಪ್ರಶ್ನೆ ನಮಗೆ ತೀರಾ ಹತ್ತಿರದ್ದು. ಬಾಬಾಸಾಹೇಬ್ ಅಂಬೇಡ್ಕರರು 1913ರಿಂದ 1916ರವರೆಗೆ ನ್ಯೂಯಾರ್ಕಿನ ಕೊಲಂಬಿಯಾ ವಿಶ್ವವಿದ್ಯಾಲಯದಲ್ಲಿ ಓದಿದರು. ಅವರು ಲಂಡನ್ನಿಗೆ ಹೊರಟ ಮರುವರ್ಷವೇ ಅದೇ ವಿಶ್ವವಿದ್ಯಾಲಯದ ಅಧ್ಯಕ್ಷ ಬಟ್ಲರ್, ಇನ್ನು ಭಿನ್ನಮತ ಸಹಿಸುವುದಿಲ್ಲ ಎಂದ. ಅಕ್ಟೋಬರ್‌ನಲ್ಲಿ ಕ್ಯಾಟೆಲ್, ಡಾನಾ ಎಂಬ ಇಬ್ಬರು ಅಧ್ಯಾಪಕರನ್ನು ಮನೆಗೆ ಕಳಿಸಿದರು. ಚರಿತ್ರೆಕಾರ ಚಾರ್ಲ್ಸ್ ಬಿಯರ್ಡ್ ಸ್ವತಃ ಯುದ್ಧದ ಪರ ಇದ್ದವನು, ಆದರೂ ಇದನ್ನು ಸಹಿಸದೆ ರಾಜೀನಾಮೆ ಬಿಸಾಕಿದ. ಬಾಬಾಸಾಹೇಬರು ಬಹಳ ಗೌರವಿಸಿದ ಗುರು ಜಾನ್ ಡ್ಯೂಯಿ, ಈ ಯುದ್ಧದಿಂದ ಲೋಕ ಸುಧಾರಿಸೀತು ಎಂದು ನಂಬಿ ಬೆಂಬಲ ಕೊಟ್ಟರು. ಅವರ ಶಿಷ್ಯ ರಾಂಡೋಲ್ಫ್ ಬೋರ್ನ್, ಬುದ್ಧಿಜೀವಿಗಳು ಯುದ್ಧದ ಹಿಂದೆ ಓಡುತ್ತಿದ್ದಾರೆ ಎಂದು ಗುರುವಿನ ವಿರುದ್ಧವೇ ಬರೆದ. ದೊಡ್ಡ ವಿದ್ವಾಂಸನೂ ನಗಾರಿ ಸದ್ದಿಗೆ ಹೆಜ್ಜೆ ಹಾಕಬಲ್ಲ.

ಎಲ್ಲಕ್ಕಿಂತ ದೊಡ್ಡ ಪ್ರಶ್ನೆ ಕೇಳಿದವರು ಕಪ್ಪು ಜನ. ಜಗತ್ತಿಗೆ ಪ್ರಜಾಪ್ರಭುತ್ವ ಹಂಚಲು ಹೊರಟ ಇದೇ ವಿಲ್ಸನ್ನನ ಸರ್ಕಾರ 1913ರಲ್ಲಿ ಕೇಂದ್ರ ಕಚೇರಿಗಳಲ್ಲಿ ಕಪ್ಪು ನೌಕರರನ್ನು ಬೇರೆ ಕೂರಿಸಿತ್ತು. ಬೇರೆ ಕೂರಿಸುವುದೆಂದರೆ ಏನು ಅಂತ ನಮಗೆ ಯಾರೂ ಅರ್ಥ ಹೇಳಬೇಕಿಲ್ಲ. ಯುದ್ಧ ಸಾರಿದ ಮೂರೇ ತಿಂಗಳಿಗೆ ಈಸ್ಟ್ ಸೇಂಟ್ ಲೂಯಿ ಊರಿನಲ್ಲಿ ಬಿಳಿಯರ ಗುಂಪು ಕಪ್ಪು ಕೇರಿಗೆ ಬೆಂಕಿ ಇಟ್ಟಿತು. ಸರ್ಕಾರದ ಲೆಕ್ಕದಲ್ಲೇ 39 ಕಪ್ಪು ಜನ ಸತ್ತರು. ಜುಲೈ 28ರಂದು ನ್ಯೂಯಾರ್ಕಿನಲ್ಲಿ ಸುಮಾರು 10,000 ಕಪ್ಪು ಜನ ಒಂದೂ ಮಾತಾಡದೆ ನಡೆದರು. ಅಧ್ಯಕ್ಷರೇ, ಅಮೆರಿಕವನ್ನೇ ಯಾಕೆ ಪ್ರಜಾಪ್ರಭುತ್ವಕ್ಕೆ ಕಾಪಾಡಬಾರದು ಎಂದು ಅವರ ಫಲಕವೊಂದು ಕೇಳಿತು. ಉತ್ತರ ಬರಲಿಲ್ಲ. ಸುಮಾರು 3 ಲಕ್ಷ 80 ಸಾವಿರ ಕಪ್ಪು ಜನ ಸೈನ್ಯದಲ್ಲಿ ದುಡಿದರು. ಸಮುದ್ರ ದಾಟಿದವರಲ್ಲಿ ಹೆಚ್ಚಿನವರಿಗೆ ಸಿಕ್ಕಿದ್ದು ಮೂಟೆ ಹೊರುವ, ಗುಂಡಿ ತೋಡುವ, ಹೆಣ ಹೂಳುವ ಕೆಲಸ. ಮರಳಿ ಬಂದವರಲ್ಲಿ ಕೆಲವರನ್ನು 1919ರಲ್ಲಿ ಬಿಳಿಯರ ಗುಂಪುಗಳು ಹೊಡೆದು ಕೊಂದವು.

ಒಟ್ಟು ಸುಮಾರು 1 ಲಕ್ಷ 16 ಸಾವಿರ ಅಮೆರಿಕನ್ನರು ಸತ್ತ ಮೇಲೆ, 1934ರಲ್ಲಿ ಸೆನೆಟರ್ ನೈ ನೇತೃತ್ವದ ಸಮಿತಿ ಸಾಲದ ಕಡತ ಬಿಚ್ಚಿತು. ಹೆಣ ಎಣಿಸಿದ ಮೇಲೆ ಲೆಕ್ಕಪತ್ರ.

ಹಳ್ಳಿ ಶಾಲೆಯ ಮೇಷ್ಟ್ರುಗಳಿಗೆ, ವಿದ್ಯಾರ್ಥಿ ಗೆಳೆಯರಿಗೆ ನಾವು ಕೇಳುವುದಿಷ್ಟು. ಈ ಪಾಠ ಬಂದಾಗ ಏಪ್ರಿಲ್ 1917ರಿಂದ ಶುರು ಮಾಡಬೇಡಿ. ಅಕ್ಟೋಬರ್ 1914ರ ಉದ್ರಿಯಿಂದ ಶುರು ಮಾಡಿ. ಯಾವ ದೇಶದ ನಾಯಕನಾದರೂ ಶಾಂತಿಯ ಮಾತಾಡುವಾಗ ಅವನ ಬಾಯಿ ನೋಡಬೇಡಿ. ಸಾಲ ಯಾರಿಗೆ ಹೋಗುತ್ತಿದೆ, ಬೈಗುಳ ಯಾರಿಗೆ ಮಾತ್ರ ಬೀಳುತ್ತಿದೆ, ಪ್ರಶ್ನೆ ಕೇಳಿದವನು ಎಲ್ಲಿದ್ದಾನೆ ಎಂದು ನೋಡಿ. ತಡೆಯುವುದಿದ್ದರೆ ಆಗಲೇ ತಡೆಯಬೇಕು. ನಗಾರಿ ಬಾರಿಸಿದ ಮೇಲೆ ಕೇರಿಯ ಹುಡುಗನ ಹೆಸರು ಪಟ್ಟಿಗೆ ಬಂದಾಗಿರುತ್ತದೆ.